ತಾನೇ ತಲೆ ಬಾಚಿಕೊಂಡವರ ಊರು

ದಕ್ಷಿಣ ಚೀನಾದ ಗುವಾಂಗ್‌ಡಾಂಗ್ ಪ್ರಾಂತ್ಯದಲ್ಲಿ ಶುಂದೆ ಎಂಬ ಸೀಮೆ ಇದೆ. ಅದರ ಒಂದು ಅಂಚಿನಲ್ಲಿ ಜುನ್‌ಆನ್ ಎಂಬ ಪಟ್ಟಣ. ಕುಂಗ್‌ಫೂ ಚಿತ್ರಗಳನ್ನು ನೋಡಿ ಬೆಳೆದವರಿಗೆ ಈ ಊರು ಒಂದು ಯಾತ್ರಾಸ್ಥಳವೇ ಸರಿ. ಬ್ರೂಸ್ ಲೀ ಹುಟ್ಟಿದ್ದು 1940ರಲ್ಲಿ ಅಮೆರಿಕದ ಸ್ಯಾನ್‌ಫ್ರಾನ್ಸಿಸ್ಕೊದಲ್ಲಾದರೂ ಅವನ ಪೂರ್ವಿಕರ ಮನೆ ಇರುವುದು ಇಲ್ಲಿ. ಕ್ಯಾಂಟನೀಸ್ ಸಂಗೀತ ನಾಟಕಗಳ ನಟನಾಗಿದ್ದ ತಂದೆ ತಿರುಗಾಟದಲ್ಲಿ ಅಮೆರಿಕಕ್ಕೆ ಹೋಗಿದ್ದಾಗ ಅವನು ಹುಟ್ಟಿದ. ಹೆಂಚಿನ ಆ ಪುಟ್ಟ ಮನೆಯ ಮುಂದೆ ನಿಂತು ಮುಷ್ಟಿ ಬಿಗಿದು ಫೋಟೋ ತೆಗೆಸಿಕೊಳ್ಳುವ ಹುಡುಗರಿಗೇನೂ ಕೊರತೆಯಿಲ್ಲ.

ಅದೇ ಜುನ್‌ಆನ್‌ನ ಶಾಟೌ ಹಳ್ಳಿಯಲ್ಲಿ ಇನ್ನೊಂದು ಮನೆಯಿದೆ. ಅದಕ್ಕೆ ಬಿಂಗ್ ಯು ಥಾಂಗ್ ಎಂದು ಹೆಸರು. ಎಂದರೆ ಹಿಮ ಮತ್ತು ಪಚ್ಚೆಕಲ್ಲಿನ ಮನೆ. ಹಿಮದಂತೆ ಶುಭ್ರ, ಪಚ್ಚೆಯಂತೆ ನಿಷ್ಕಳಂಕ ಎಂಬ ಅರ್ಥ. 1950ರ ಸುಮಾರಿಗೆ ಕಟ್ಟಿ ಮುಗಿದ ಈ ಮನೆಗೆ ಹಣ ಕೊಟ್ಟವರು ಜಮೀನ್ದಾರರೂ ಅಲ್ಲ, ಸರಕಾರವೂ ಅಲ್ಲ. ಸಿಂಗಪುರದಲ್ಲಿ ಯಾರದೋ ಮನೆಯ ಅಡುಗೆ ಮಾಡಿ, ಯಾರದೋ ಮಕ್ಕಳನ್ನು ಆಡಿಸಿ ಸಂಬಳ ಕೂಡಿಟ್ಟ, ಮದುವೆಯಾಗದ ಹೆಣ್ಣುಮಕ್ಕಳು.

ಅಷ್ಟು ದೂರದಲ್ಲಿದ್ದವರು ಹುಟ್ಟೂರಿನಲ್ಲಿ ತಮಗಾಗಿ ಬೇರೆ ಮನೆಯನ್ನೇ ಏಕೆ ಕಟ್ಟಬೇಕಾಯಿತು? ಈ ಪ್ರಶ್ನೆಗೆ ಉತ್ತರ ಹುಡುಕಲು ಹೊರಟರೆ ಮೊದಲು ಸಿಗುವುದು ಒಂದು ಕೊಳ.

ಎಲೆ, ಹುಳು, ಮೀನು, ಕೆಸರು

ಶುಂದೆ ಇರುವುದು ಪರ್ಲ್ ನದಿಯ ಮುಖಜಭೂಮಿಯಲ್ಲಿ. ಪಶ್ಚಿಮ, ಉತ್ತರ, ಪೂರ್ವ ಎಂಬ ಮೂರು ನದಿಗಳು ಇಲ್ಲಿ ನೂರಾರು ಕವಲುಗಳಾಗಿ ಸಮುದ್ರ ಸೇರುತ್ತವೆ. ತಗ್ಗು ನೆಲ, ಮಳೆ ಬಂದರೆ ಗದ್ದೆಯೆಲ್ಲ ನೀರು. ಇಲ್ಲಿನ ರೈತರು ನೀರಿನೊಡನೆ ಜಗಳವಾಡುವ ಬದಲು ರಾಜಿ ಮಾಡಿಕೊಂಡರು. ತಗ್ಗನ್ನು ಇನ್ನಷ್ಟು ಆಳಕ್ಕೆ ಅಗೆದು ಕೊಳ ಮಾಡಿದರು. ಅಗೆದ ಮಣ್ಣನ್ನು ಸುತ್ತ ಪೇರಿಸಿ ಏರಿ ಕಟ್ಟಿದರು. ಏರಿಯ ಮೇಲೆ ಹಿಪ್ಪುನೇರಳೆ ನೆಟ್ಟರು, ಕೊಳದಲ್ಲಿ ಮೀನು ಬಿಟ್ಟರು.

ಇದರ ಲೆಕ್ಕಾಚಾರ ವಿಜ್ಞಾನದ ಪಾಠದಂತಿದೆ. ಹಿಪ್ಪುನೇರಳೆಯ ಸೊಪ್ಪು ರೇಷ್ಮೆಹುಳುವಿಗೆ. ಹುಳುವಿನ ಹಿಕ್ಕೆ, ತಿಂದುಳಿದ ಸೊಪ್ಪು, ನೂಲು ತೆಗೆದ ಮೇಲೆ ಉಳಿಯುವ ಪ್ಯೂಪಾ ಎಲ್ಲವೂ ಕೊಳಕ್ಕೆ. ಅದನ್ನು ತಿಂದು ಹುಲ್ಲುಗೆಂಡೆ, ಬೆಳ್ಳಿಗೆಂಡೆ ಮೀನುಗಳು ಬೆಳೆಯುತ್ತವೆ. ಹುಲ್ಲುಗೆಂಡೆ ಸೊಪ್ಪು ಸದೆ ಮೇಯುತ್ತದೆ, ಬೆಳ್ಳಿಗೆಂಡೆ ನೀರಿನಲ್ಲಿ ತೇಲುವ ಸೂಕ್ಷ್ಮ ಪಾಚಿಯನ್ನು ಸೋಸಿ ತಿನ್ನುತ್ತದೆ. ಮೀನಿನ ಮಲ, ಕೊಳೆತ ಸೊಪ್ಪು ಎಲ್ಲ ತಳದಲ್ಲಿ ಸಾರವತ್ತಾದ ಕೆಸರಾಗುತ್ತದೆ. ಆ ಕೆಸರನ್ನು ಬಾಚಿ ಹಿಪ್ಪುನೇರಳೆಯ ಬುಡಕ್ಕೆ ಹಾಕಿದರೆ ಮತ್ತೆ ಸೊಪ್ಪು. ಈ ಸುತ್ತಿನಲ್ಲಿ ಕಸ ಎಂಬುದೇ ಇಲ್ಲ. ಒಂದರ ಹೊಲಸು ಇನ್ನೊಂದರ ಊಟ. ಇದೇ ಪದ್ಧತಿ ಬೆಳೆದಿರುವ ಝೆಜಿಯಾಂಗ್ ಪ್ರಾಂತ್ಯದ ಹುಝೌ ಸೀಮೆಯನ್ನು ವಿಶ್ವಸಂಸ್ಥೆಯ ಆಹಾರ ಮತ್ತು ಕೃಷಿ ಸಂಸ್ಥೆ 2017ರಲ್ಲಿ ಜಾಗತಿಕ ಮಹತ್ವದ ಕೃಷಿ ಪರಂಪರೆಯೆಂದು ಗುರುತಿಸಿತು.

1757ರಲ್ಲಿ ಚೀನಾದ ಚಕ್ರವರ್ತಿ ಪಾಶ್ಚಾತ್ಯರ ಹಡಗು ವ್ಯಾಪಾರವನ್ನೆಲ್ಲ ಕ್ಯಾಂಟನ್ ಬಂದರೊಂದಕ್ಕೇ ಸೀಮಿತಗೊಳಿಸಿದ. ಇಂದಿನ ಗುವಾಂಗ್‌ಝೌ ನಗರವೇ ಅಂದಿನ ಕ್ಯಾಂಟನ್. ಶುಂದೆ ಅದರ ಮಗ್ಗುಲಲ್ಲೇ ಇದೆ. ರೇಷ್ಮೆಗೆ ಬೇಡಿಕೆ ಏರಿತು, ಭತ್ತದ ಗದ್ದೆಗಳು ಒಂದೊಂದಾಗಿ ಕೊಳಗಳಾದವು. ಇಲ್ಲಿಯ ಬೆಚ್ಚನೆಯ ಹವೆಯಲ್ಲಿ ಹಿಪ್ಪುನೇರಳೆ ವರ್ಷದ ಬಹುಭಾಗ ಚಿಗುರುವುದರಿಂದ, ಹುಳುವಿನ ಬೆಳೆಯೂ ಒಂದರ ಹಿಂದೊಂದು ಬರುತ್ತಿತ್ತು. ಹುಳು ಮನೆಗೆ ಬಿಡುವು ಎಂಬುದೇ ಇರಲಿಲ್ಲ.

ಬಿಸಿನೀರಿನ ಬೇಸಿನ್ ಮುಂದೆ

ರೇಷ್ಮೆಹುಳು ಸಾಕಿದವರಿಗೆ ಅದರ ಹಸಿವು ಗೊತ್ತು. ಮೊಟ್ಟೆಯೊಡೆದು ಬಂದಾಗ ಕಪ್ಪು ಎಳೆಯ ಚೂರಿನಂತಿರುವ ಮರಿ, ನಾಲ್ಕು ಜ್ವರ ಕಳೆದು ಹಣ್ಣಾಗುವ ಹೊತ್ತಿಗೆ ತೂಕದಲ್ಲಿ ಸುಮಾರು ಹತ್ತು ಸಾವಿರ ಪಟ್ಟು ಬೆಳೆದಿರುತ್ತದೆ. ಕೊನೆಯ ಹಂತದಲ್ಲಿ ರಾತ್ರಿಯಲ್ಲೂ ಎದ್ದು ಸೊಪ್ಪು ಕೊಡಬೇಕು. ಹಣ್ಣಾದ ಹುಳು ತಲೆಯನ್ನು ಇಂಗ್ಲಿಷಿನ ಎಂಟರ ಅಂಕಿಯಂತೆ ಆಡಿಸುತ್ತ ಎರಡು ಮೂರು ದಿನ ಎಡೆಬಿಡದೆ ನೂಲು ಸುತ್ತುತ್ತದೆ. ಉತ್ತಮ ತಳಿಯ ಒಂದು ಗೂಡಿನಲ್ಲಿ ಸುಮಾರು ಒಂದು ಕಿಲೋಮೀಟರ್ ಉದ್ದದ ಒಂದೇ ಎಳೆ ಇರುತ್ತದೆ.

ಈ ಎಳೆಯ ರಚನೆಯೂ ಸ್ವಾರಸ್ಯಕರ. ಒಳಗೆ ಫೈಬ್ರೊಯಿನ್ ಎಂಬ ಪ್ರೋಟೀನಿನ ಎರಡು ತಂತುಗಳು. ಅವನ್ನು ಅಂಟಿಸಿ ಹಿಡಿದಿರುವುದು ಸೆರಿಸಿನ್ ಎಂಬ ಗೋಂದು. ಗೂಡು ಗಟ್ಟಿಯಾಗಿರುವುದು ಈ ಗೋಂದಿನಿಂದಲೇ. ಬಿಸಿನೀರಿಗೆ ಹಾಕಿದರೆ ಗೋಂದು ಮೆತ್ತಗಾಗಿ ಎಳೆಯ ತುದಿ ಬಿಡುತ್ತದೆ. ಒಂದು ಎಳೆ ನೇಯ್ಗೆಗೆ ತೀರ ತೆಳುವಾದ್ದರಿಂದ ಹಲವು ಗೂಡುಗಳ ತುದಿಗಳನ್ನು ಒಟ್ಟಿಗೆ ಹಿಡಿದು ಒಂದೇ ನೂಲಾಗಿ ರಾಟೆಗೆ ಸುತ್ತಬೇಕು. ಯಾವ ಗೂಡಿನ ಎಳೆ ಮುಗಿಯಿತು, ಯಾವುದು ತುಂಡಾಯಿತು ಎಂದು ಕ್ಷಣಕ್ಷಣವೂ ನೋಡಿ ಹೊಸದನ್ನು ಸೇರಿಸಬೇಕು. ಇಲ್ಲವಾದರೆ ನೂಲು ಒಂದೆಡೆ ದಪ್ಪ, ಒಂದೆಡೆ ತೆಳು. ರಾಮನಗರ, ಶಿಡ್ಲಘಟ್ಟಗಳಲ್ಲಿ ನೂಲು ಬಿಚ್ಚುವ ಮನೆಗಳನ್ನು ನೋಡಿದವರಿಗೆ ಈ ಕೆಲಸ ಹೊಸದಲ್ಲ. ಬಿಸಿನೀರಿನಲ್ಲಿ ನೆಂದು ಬಿಳಿಚಿ ಸುಕ್ಕಾದ ಬೆರಳುಗಳೂ, ಪ್ಯೂಪಾದ ವಾಸನೆಯೂ ಎರಡೂ ನಾಡಿನಲ್ಲಿ ಒಂದೇ.

ಶುಂದೆಯ ಪಕ್ಕದ ನನ್‌ಹಾಯ್ ಸೀಮೆಯ ಚೆನ್ ಚಿಯುವಾನ್ ಎಂಬಾತ 1854ರಲ್ಲಿ ಇಂದಿನ ವಿಯೆಟ್ನಾಮಿಗೆ ಹೋಗಿ ವ್ಯಾಪಾರ ಮಾಡಿದ. ಅಲ್ಲಿದ್ದಾಗ ಆವಿಯಂತ್ರದ ಕೆಲಸವನ್ನು ಕಂಡು ಬಂದ ಆತ 1870ರ ದಶಕದ ಆರಂಭದಲ್ಲಿ ತನ್ನ ಹಳ್ಳಿಯಲ್ಲೇ ಆವಿಯಿಂದ ನೀರು ಕಾಯಿಸುವ ನೂಲು ಕಾರ್ಖಾನೆ ತೆರೆದ. ಪ್ರತಿ ಬೇಸಿನ್ನಿಗೂ ಬೇರೆ ಒಲೆಯ ಬದಲು ಕೊಳವೆಯಲ್ಲಿ ಹರಿಯುವ ಹದವಾದ ಬಿಸಿ. ನೂಲು ನಯವಾಯಿತು, ಸಮನಾಯಿತು, ವಿದೇಶದಲ್ಲಿ ಒಳ್ಳೆಯ ಬೆಲೆ ಬಂತು. ಒಬ್ಬ ವಲಸೆಗಾರ ಹೊರನಾಡಿನಿಂದ ತಂದ ತಿಳಿವಳಿಕೆ ಇಡೀ ಸೀಮೆಯ ಬದುಕನ್ನೇ ತಿರುಗಿಸಿತು.

ಎಲ್ಲರೂ ಇದರಿಂದ ಸಂತೋಷಪಡಲಿಲ್ಲ. ಗೂಡೆಲ್ಲ ಕಾರ್ಖಾನೆಗಳ ಪಾಲಾಗುತ್ತಿದೆಯೆಂದು ರೊಚ್ಚಿಗೆದ್ದ ನೇಕಾರರು 1881ರಲ್ಲಿ ಒಂದು ಕಾರ್ಖಾನೆಗೆ ನುಗ್ಗಿ ಯಂತ್ರಗಳನ್ನು ಪುಡಿ ಮಾಡಿದರು. ಚೆನ್ ಕೆಲಕಾಲ ತನ್ನ ಕಾರ್ಖಾನೆಯನ್ನು ಪೋರ್ಚುಗೀಸರ ಮಕಾವಿಗೆ ಸಾಗಿಸಬೇಕಾಯಿತು. ಆದರೂ ಕಾಲದ ಪ್ರವಾಹ ನಿಲ್ಲಲಿಲ್ಲ. 20ನೇ ಶತಮಾನದ ಆರಂಭಕ್ಕೆ ಶುಂದೆಯೊಂದರಲ್ಲೇ ನೂರಕ್ಕೂ ಹೆಚ್ಚು ಆವಿ ಕಾರ್ಖಾನೆಗಳಿದ್ದವು. ಬೇಸಿನ್ನುಗಳ ಮುಂದೆ ಸಾಲಾಗಿ ಕುಳಿತವರು ಹೆಣ್ಣುಮಕ್ಕಳು, ಬಹಳಷ್ಟು ಮಂದಿ ಮದುವೆಯಾಗದ ಹುಡುಗಿಯರು.

ಬಾಚಣಿಗೆಯ ಪ್ರತಿಜ್ಞೆ

ಆ ಕಾಲದ ಚೀನಾದಲ್ಲಿ ಹೆಣ್ಣು ಕೂಸಿಗೆ ಹೆಚ್ಚು ಬೆಲೆಯಿರಲಿಲ್ಲ. ನೂಲು ಕಾರ್ಖಾನೆ ಬಂದ ಮೇಲೆ ಅದೇ ಕೂಸು ದೊಡ್ಡದಾಗಿ ಕೈತುಂಬ ಸಂಬಳ ತರತೊಡಗಿತು. ತಮ್ಮನ ಓದು, ಅಣ್ಣನ ಮದುವೆ, ಮನೆಯ ಸಾಲ ಎಲ್ಲಕ್ಕೂ ಅವಳ ಹಣ ಬೇಕಾಯಿತು. ಹುಡುಗಿಯರಿಗೂ ಒಂದು ಸಂಗತಿ ಹೊಳೆಯಿತು. ಕಾಣದ ಗಂಡನ ಮನೆಗೆ ಹೋಗಿ ಅತ್ತೆಯ ಬಾಯಿಗೆ ಸಿಕ್ಕುವುದಕ್ಕಿಂತ ತಮ್ಮ ದುಡಿಮೆಯ ಮೇಲೆ ತಾವೇ ನಿಲ್ಲಬಹುದಲ್ಲ!

ಅಲ್ಲಿನ ಮದುವೆಯ ಸಂಪ್ರದಾಯದಲ್ಲಿ ಹುಡುಗಿಯ ಜಡೆಯನ್ನು ಬಿಚ್ಚಿ, ಹಿರಿಯ ಹೆಂಗಸೊಬ್ಬಳು ತಲೆ ಬಾಚಿ ತುರುಬು ಕಟ್ಟುತ್ತಿದ್ದಳು. ತುರುಬು ಕಟ್ಟಿದರೆ ಹುಡುಗಿ ಹೆಂಗಸಾದಳು ಎಂದರ್ಥ. ಮದುವೆ ಬೇಡವೆಂದವರು ಒಳ್ಳೆಯ ದಿನ ನೋಡಿ, ದೇವರ ಮುಂದೆ, ಗೆಳತಿಯರ ಸಾಕ್ಷಿಯಲ್ಲಿ ತಮ್ಮ ತಲೆಯನ್ನು ತಾವೇ ಬಾಚಿ ತುರುಬು ಕಟ್ಟಿಕೊಂಡು ಬದುಕಿಡೀ ಕನ್ಯೆಯಾಗಿರುವ ಪ್ರತಿಜ್ಞೆ ಮಾಡುತ್ತಿದ್ದರು. ಅವರಿಗೆ ಝಿಶುನ್ಯೂ ಎಂದು ಹೆಸರು. ಅಕ್ಷರಶಃ ಹೇಳುವುದಾದರೆ, ತಾನೇ ತಲೆ ಬಾಚಿಕೊಂಡವಳು. ಊರೂರಿನಲ್ಲಿ ಹುಡುಗಿಯರ ಮನೆಗಳೆಂಬ ವಾಸದ ಮನೆಗಳಿದ್ದವು. ಅಲ್ಲಿ ಒಟ್ಟಿಗೆ ಮಲಗಿ, ಒಟ್ಟಿಗೆ ಹಾಡಿ, ಹಿರಿಯರಿಂದ ಕಥೆ ಕೇಳಿ ಬೆಳೆದವರು ಕಡೆಯವರೆಗೂ ಅಕ್ಕತಂಗಿಯರಾಗಿ ಉಳಿಯುತ್ತಿದ್ದರು.

ಮದುವೆಯಾದವರಲ್ಲೂ ಒಂದು ವಿಶೇಷವಿತ್ತು. ತಾಳಿ ಕಟ್ಟಿಸಿಕೊಂಡ ಮರುದಿನವೇ ಗಂಡನ ಮನೆ ಸೇರುವ ನಮ್ಮ ಕಡೆಯ ಪದ್ಧತಿಗೆ ಬದಲಾಗಿ, ಇಲ್ಲಿ ಮದುಮಗಳು ಕೆಲವು ವರ್ಷ ತವರಿನಲ್ಲೇ ಇದ್ದು ಹಬ್ಬಹರಿದಿನಗಳಲ್ಲಿ ಮಾತ್ರ ಗಂಡನ ಮನೆಗೆ ಹೋಗಿ ಬರುತ್ತಿದ್ದಳು. ಕೆಲವರಂತೂ ತಮ್ಮ ಸಂಪಾದನೆಯಿಂದ ಗಂಡನಿಗೆ ಪರಿಹಾರದ ಹಣ ಕೊಟ್ಟು, ಅವನು ಇನ್ನೊಬ್ಬಳನ್ನು ತಂದುಕೊಳ್ಳುವಂತೆ ಮಾಡಿ ತಾವು ಬಿಡುಗಡೆ ಪಡೆದರು.

ಇದನ್ನು ಕೇಳಿ ಇವರೆಲ್ಲ ಪೂರ್ಣ ಸ್ವತಂತ್ರರು ಎಂದುಕೊಳ್ಳುವುದು ಸರಿಯಲ್ಲ. ಮಗಳ ಸಂಬಳ ಕೈಬಿಡಲು ಮನಸ್ಸಿಲ್ಲದ ಅಪ್ಪ ಅಮ್ಮಂದಿರು ಪ್ರತಿಜ್ಞೆಗೆ ಒತ್ತಾಯಿಸಿದ್ದೂ ಉಂಟು. ಮಾತು ಮುರಿದವಳಿಗೆ ಊರಿನವರ ಶಿಕ್ಷೆ ಬಹಳ ಕಠಿಣವಾಗಿತ್ತು. ಎಲ್ಲಕ್ಕಿಂತ ಕ್ರೂರವಾದುದು ಇನ್ನೊಂದು ನಂಬಿಕೆ. ಮದುವೆಯಾಗದ ಮಗಳು ತವರಿನಲ್ಲಿ ಪ್ರಾಣ ಬಿಟ್ಟರೆ ಮನೆಗೆ ಕೇಡು. ಹಿರಿಯರ ಹೆಸರಿನ ಫಲಕಗಳ ಸಾಲಿನಲ್ಲಿ ಅವಳ ಹೆಸರಿಗೆ ಜಾಗವಿಲ್ಲ. ಕೊಟ್ಟ ಹೆಣ್ಣು ಕುಲಕ್ಕೆ ಹೊರಗು ಎಂಬ ಗಾದೆ ಕನ್ನಡದಲ್ಲಿದೆ. ಶುಂದೆಯಲ್ಲಿ ಕೊಡದ ಹೆಣ್ಣೂ ಕುಲಕ್ಕೆ ಹೊರಗೇ. ಮನೆಯನ್ನು ಸಾಕಿದವಳಿಗೆ ಆ ಮನೆಯಲ್ಲಿ ಸಾಯುವ ಹಕ್ಕಿರಲಿಲ್ಲ.

ಬಿಳಿ ಅಂಗಿ, ಕಪ್ಪು ಷರಾಯಿ

1929ರಲ್ಲಿ ಅಮೆರಿಕದ ಷೇರುಪೇಟೆ ಕುಸಿಯಿತು. ರೇಷ್ಮೆ ಕಾಲುಚೀಲ ಕೊಳ್ಳುವವರ ಕೈಯಲ್ಲಿ ಹಣವಿಲ್ಲದಾಯಿತು. ಜೊತೆಗೆ ಜಪಾನಿನ ರೇಷ್ಮೆಯ ಪೈಪೋಟಿ, ಅಗ್ಗದ ರೇಯಾನ್ ದಾಳಿ. 1930ರ ದಶಕದಲ್ಲಿ ಶುಂದೆಯ ಕಾರ್ಖಾನೆಗಳು ಸಾಲುಸಾಲಾಗಿ ಬಾಗಿಲು ಹಾಕಿದವು. 1938ರ ಅಕ್ಟೋಬರಿನಲ್ಲಿ ಜಪಾನಿ ಸೇನೆ ಕ್ಯಾಂಟನ್ನನ್ನು ಹಿಡಿಯಿತು. ತಲೆ ಬಾಚಿಕೊಂಡವರು ಗಂಟು ಕಟ್ಟಿ ಹಡಗು ಹತ್ತಿದರು. ಕೆಲವರು ಹಾಂಗ್‌ಕಾಂಗಿಗೆ, ಕೆಲವರು ಮಲಯಕ್ಕೆ, ಸಿಂಗಪುರಕ್ಕೆ.

ಸಿಂಗಪುರದ ದಾರಿ ತೆರೆದುಕೊಂಡದ್ದರ ಹಿಂದೆ ಒಂದು ಕಾನೂನಿದೆ. ಕೆಲಸವಿಲ್ಲದ ಕೂಲಿಗಳು ಹೆಚ್ಚಾದರೆಂದು ಬ್ರಿಟಿಷ್ ಸರಕಾರ 1933ರಿಂದ ಚೀನೀ ಗಂಡಸರ ವಲಸೆಗೆ ಮಿತಿ ಹೇರಿತು. ಹೆಂಗಸರಿಗೆ ಆ ಮಿತಿ 1938ರವರೆಗೆ ಇರಲಿಲ್ಲ. ಆ ಐದು ವರ್ಷಗಳಲ್ಲಿ ಲಕ್ಷಕ್ಕೂ ಮಿಕ್ಕಿ ಚೀನೀ ಹೆಂಗಸರು ಅಲ್ಲಿಗೆ ಬಂದಿಳಿದರು. ಅವರಲ್ಲಿ ಶುಂದೆಯ ನೂಲಿನ ಹುಡುಗಿಯರು ಶ್ರೀಮಂತ ಚೀನೀಯರ, ಯುರೋಪಿಯನ್ನರ ಮನೆಗಳಲ್ಲಿ ಅಡುಗೆಗೆ, ಮಕ್ಕಳ ಆರೈಕೆಗೆ ಸೇರಿದರು. ಬಿಳಿ ಅಂಗಿ, ಕಪ್ಪು ಷರಾಯಿ, ಎಣ್ಣೆ ಹಚ್ಚಿ ನುಣುಪಾಗಿ ಬಾಚಿದ ತಲೆ. ಅಮಾ ಎಂದು ಅವರನ್ನು ಕರೆಯುತ್ತಿದ್ದರು. ಅಚ್ಚುಕಟ್ಟಿಗೆ, ಪ್ರಾಮಾಣಿಕತೆಗೆ ಆ ವೇಷವೇ ಪ್ರಮಾಣಪತ್ರವಾಗಿತ್ತು. ಸಿಂಗಪುರದ ಮೊದಲ ಪ್ರಧಾನಿ ಲೀ ಕುವಾನ್ ಯೂ ಅವರ ಮನೆಯಲ್ಲೂ ಶುಂದೆಯ ಇಂಥ ಒಬ್ಬಾಕೆ ಕೆಲಸಕ್ಕಿದ್ದರು.

ರಜೆಯ ದಿನ ಉಳಿಯಲು, ಪೆಟ್ಟಿಗೆ ಇಡಲು ಹತ್ತಾರು ಮಂದಿ ಸೇರಿ ಚೈನಾಟೌನಿನಲ್ಲಿ ಒಂದು ಕೋಣೆ ಬಾಡಿಗೆ ಹಿಡಿಯುತ್ತಿದ್ದರು. ಓದು ಬರಹ ಬಾರದವರು ಬೀದಿಬದಿಯ ಪತ್ರ ಬರೆಯುವವನ ಮುಂದೆ ಕುಳಿತು ಊರಿನ ಕ್ಷೇಮ ಕೇಳಿ ಬರೆಸಿ, ಪತ್ರದ ಜೊತೆ ಹಣವನ್ನೂ ಕಳಿಸುತ್ತಿದ್ದರು. ಹೊರನಾಡ ಚೀನೀಯರ ಇಂಥ ಹಣದ ಪತ್ರಗಳನ್ನು ಯುನೆಸ್ಕೊ 2013ರಲ್ಲಿ ವಿಶ್ವದ ನೆನಪಿನ ದಾಖಲೆಗಳ ಪಟ್ಟಿಗೆ ಸೇರಿಸಿತು. ಆ ಹಣದಲ್ಲಿ ಊರಿನಲ್ಲಿ ಮನೆಗಳೆದ್ದವು, ಅಣ್ಣತಮ್ಮಂದಿರ ಮಕ್ಕಳು ಶಾಲೆಗೆ ಹೋದರು.

ಮುಪ್ಪಿನ ಭಯ ಮಾತ್ರ ಬಿಡಲಿಲ್ಲ. ಸಿಂಗಪುರದ ಸಾಗೋ ಲೇನ್ ಎಂಬ ಬೀದಿಯಲ್ಲಿ ಸಾವಿನ ಮನೆಗಳಿದ್ದವು. ದಿಕ್ಕಿಲ್ಲದವರು ಕೊನೆಯುಸಿರೆಳೆಯಲು ಅಲ್ಲಿಗೆ ಹೋಗಿ ಮಲಗುತ್ತಿದ್ದರು. 1961ರಲ್ಲಿ ಅವನ್ನು ನಿಷೇಧಿಸಲಾಯಿತು. ಅಂಥ ಬೀದಿಯನ್ನು ಕಂಡಿದ್ದ ಹೆಂಗಸರು ತಮ್ಮೂರಿನಲ್ಲೊಂದು ಮನೆ ಕಟ್ಟಬೇಕೆಂದು ಚಂದಾ ಎತ್ತಿದ್ದರಲ್ಲಿ ಆಶ್ಚರ್ಯವೇನಿದೆ? ಅದೇ ಬಿಂಗ್ ಯು ಥಾಂಗ್.

ಪುಸ್ತಕಗಳು ಬರೆದದ್ದು, ಬಿಟ್ಟದ್ದು

ರೇಷ್ಮೆಹುಳುವಿನ ಬಗ್ಗೆ ಚೀನಾದಲ್ಲಿ ಪುಸ್ತಕಗಳಿಗೆ ಬರವಿಲ್ಲ. 11ನೇ ಶತಮಾನದ ಕವಿ ಚಿನ್ ಗುವಾನ್ ರೇಷ್ಮೆಹುಳುಗಳ ಮೇಲೆಯೇ ಒಂದು ಪುಟ್ಟ ಪುಸ್ತಕ ಬರೆದ. ಉಳಿದು ಬಂದಿರುವ ಅತಿ ಹಳೆಯ ರೇಷ್ಮೆ ಗ್ರಂಥಗಳಲ್ಲಿ ಅದೂ ಒಂದು. 1637ರಲ್ಲಿ ಸುಂಗ್ ಯಿಂಗ್‌ಶಿಂಗ್ ಪ್ರಕಟಿಸಿದ ಕುಶಲಕಲೆಗಳ ಸಚಿತ್ರ ಗ್ರಂಥದಲ್ಲಿ ಹುಳು ಸಾಕಣೆಯಿಂದ ಮಗ್ಗದವರೆಗೆ ಎಲ್ಲದರ ವಿವರಣೆಯಿದೆ. ಕಾರ್ಖಾನೆ ಕಟ್ಟಿದ ಚೆನ್ ಚಿಯುವಾನ್ ಕೂಡ ಹಿಪ್ಪುನೇರಳೆ ಮತ್ತು ಹುಳು ಸಾಕಣೆಯ ಬಗ್ಗೆ ಕೈಪಿಡಿ ಬರೆದ. 1925ರಲ್ಲಿ ಕ್ಯಾಂಟನ್ನಿನ ಲಿಂಗ್ನಾನ್ ಕೃಷಿ ಕಾಲೇಜಿನಿಂದ ಹವರ್ಡ್ ಮತ್ತು ಬಸ್ವೆಲ್ ಎಂಬಿಬ್ಬರು ದಕ್ಷಿಣ ಚೀನಾದ ರೇಷ್ಮೆ ಉದ್ಯಮದ ಸಮೀಕ್ಷೆಯನ್ನೇ ಹೊರತಂದರು.

ಹುಳುವಿಗೆ ಎಷ್ಟು ಸೊಪ್ಪು, ಎಷ್ಟು ಕಾವು, ಎಷ್ಟು ದಿನಕ್ಕೆ ಜ್ವರ ಎಂಬುದೆಲ್ಲ ಹೀಗೆ ಶತಮಾನಗಳಿಂದ ಬರಹಕ್ಕಿಳಿದಿದೆ. ಹುಳುವನ್ನು ಸಾಕಿದವಳ, ನೂಲು ತೆಗೆದವಳ ಮಾತು? ಚಿನ್ ಗುವಾನ್ ತನ್ನ ಪುಸ್ತಕದ ಆರಂಭದಲ್ಲೇ ಒಂದು ಸತ್ಯ ಒಪ್ಪಿಕೊಂಡಿದ್ದಾನೆ. ಹುಳು ಸಾಕುವುದರಲ್ಲಿ ಗಟ್ಟಿಗಳಾಗಿದ್ದವಳು ಅವನ ಹೆಂಡತಿ. ಅವಳ ಜೊತೆ ಮಾತಾಡಿ ತಿಳಿದುಕೊಂಡದ್ದನ್ನೇ ಅವನು ಬರೆದದ್ದು. ಗ್ರಂಥಕರ್ತನೆಂದು ಹೆಸರು ನಿಂತದ್ದು ಮಾತ್ರ ಗಂಡನದು.

ನೂಲಿನ ಹೆಣ್ಣುಮಕ್ಕಳ ಬಗ್ಗೆ ಹೊರಜಗತ್ತು ಗಮನವಿಟ್ಟು ಓದುವಂತಾದದ್ದು ತೀರ ಈಚೆಗೆ. ಮಾನವಶಾಸ್ತ್ರಜ್ಞೆ ಮಾರ್ಜೊರಿ ಟಾಪ್ಲಿ ಗುವಾಂಗ್‌ಡಾಂಗಿನ ಈ ಮದುವೆ ವಿರೋಧದ ಮೇಲೆ 1975ರಲ್ಲಿ ಪ್ರಬಂಧ ಪ್ರಕಟಿಸಿದರು. ಜಾನಿಸ್ ಸ್ಟಾಕರ್ಡ್ ವಯಸ್ಸಾದ ಹೆಂಗಸರನ್ನು ಮಾತಾಡಿಸಿ 1989ರಲ್ಲಿ 'ಡಾಟರ್ಸ್ ಆಫ್ ದಿ ಕ್ಯಾಂಟನ್ ಡೆಲ್ಟಾ' ಎಂಬ ಅಧ್ಯಯನ ಗ್ರಂಥ ತಂದರು. ಅಮೆರಿಕದಲ್ಲಿ ಹುಟ್ಟಿದ, ಚೀನೀ ತಾಯಿಯ ಮಗಳು ಗೇಲ್ ಸುಕಿಯಾಮಾ 1991ರಲ್ಲಿ 'ವಿಮೆನ್ ಆಫ್ ದಿ ಸಿಲ್ಕ್' ಕಾದಂಬರಿ ಬರೆದರು. ಅಪ್ಪ ರೇಷ್ಮೆ ಕೆಲಸಕ್ಕೆಂದು ಬಿಟ್ಟುಹೋದ ಪೇ ಎಂಬ ಪುಟ್ಟ ಹುಡುಗಿ ಹುಡುಗಿಯರ ಮನೆಯಲ್ಲಿ ಬೆಳೆಯುವ ಕಥೆ ಅದು. ಅವಳ ಹಾಂಗ್‌ಕಾಂಗ್ ಬದುಕಿನ ಕಥೆ 1999ರ 'ದಿ ಲಾಂಗ್ವೇಜ್ ಆಫ್ ಥ್ರೆಡ್ಸ್'ನಲ್ಲಿ ಮುಂದುವರಿಯುತ್ತದೆ. ಇಂಗ್ಲಿಷ್ ಓದಬಲ್ಲ ಕಾಲೇಜು ವಿದ್ಯಾರ್ಥಿಗಳಿಗೆ ಈ ಎರಡು ಕಾದಂಬರಿಗಳು ಕಷ್ಟವಾಗಲಾರವು.

ಹುಳುವಿನ ಪುಸ್ತಕಕ್ಕೂ ಅವಳ ಪುಸ್ತಕಕ್ಕೂ ನಡುವೆ ಒಂಬೈನೂರು ವರ್ಷಗಳ ಅಂತರ.

ಇಂದಿನ ಶುಂದೆ

ಇಂದು ಶುಂದೆಗೆ ಹೋಗುವುದು ಸುಲಭ. ಗುವಾಂಗ್‌ಝೌ ಮೆಟ್ರೊದ 7ನೇ ಮಾರ್ಗ 2022ರಲ್ಲಿ ಇಲ್ಲಿಗೆ ವಿಸ್ತರಿಸಿತು. ಶುಂದೆಯ ಕಡೆಯ ಕೊನೆಯ ನಿಲ್ದಾಣಕ್ಕೆ ಮಿಡಿಯಾ ಎಂಬ ಗೃಹೋಪಯೋಗಿ ಯಂತ್ರಗಳ ಕಂಪನಿಯ ಹೆಸರಿನ ರಸ್ತೆಯದೇ ಹೆಸರು. 1968ರಲ್ಲಿ ಇಲ್ಲಿನ ಹಳ್ಳಿಗರು ಸೇರಿ ಪ್ಲಾಸ್ಟಿಕ್ ಮುಚ್ಚಳ ಮಾಡಲು ಆರಂಭಿಸಿದ ಘಟಕ ಈಗ ಏರ್‌ಕಂಡಿಷನರುಗಳನ್ನು ಜಗತ್ತಿಗೆ ಮಾರುತ್ತಿದೆ. ಏರಿಯ ಮೇಲಿನ ಹಿಪ್ಪುನೇರಳೆ ಬಹುಮಟ್ಟಿಗೆ ಮಾಯವಾಗಿದೆ. ಮೀನಿನ ಅಡುಗೆಯ ಖ್ಯಾತಿ ಮಾತ್ರ ಉಳಿದಿದೆ. 2014ರಲ್ಲಿ ಯುನೆಸ್ಕೊ ಶುಂದೆಯನ್ನು ಪಾಕಕಲೆಯ ಸೃಜನಶೀಲ ನಗರವೆಂದು ಹೆಸರಿಸಿತು.

ರೇಷ್ಮೆಯ ಒಂದು ಕಸುಬು ಇನ್ನೂ ಜೀವಂತವಾಗಿದೆ. ಶ್ಯಾಂಗ್‌ಯುನ್‌ಶಾ ಎಂಬ ಬಟ್ಟೆಯನ್ನು ಗೆಣಸಿನ ಜಾತಿಯ ಒಂದು ಕಾಡುಗಡ್ಡೆಯ ಕೆಂಪು ರಸದಲ್ಲಿ ಅದ್ದಿ ಹುಲ್ಲಿನ ಮೇಲೆ ಹಾಸಿ ಬಿಸಿಲಿಗೆ ಒಣಗಿಸುತ್ತಾರೆ. ಹೀಗೆ ಹಲವು ಸಲ. ಆಮೇಲೆ ಬೆಳಗು ಹರಿಯುವ ಮೊದಲೇ ಒಂದು ಮುಖಕ್ಕೆ ನದಿಯ ಕೆಸರು ಬಳಿದು, ಸ್ವಲ್ಪ ಹೊತ್ತಿನ ನಂತರ ತೊಳೆಯುತ್ತಾರೆ. ಗಡ್ಡೆಯಲ್ಲಿರುವ ಟ್ಯಾನಿನ್ ಎಂಬ ಒಗರು, ಕೆಸರಿನಲ್ಲಿರುವ ಕಬ್ಬಿಣದೊಡನೆ ಸೇರಿ ಮಿರುಗುವ ಕಪ್ಪು ಬಣ್ಣವಾಗುತ್ತದೆ. ಹಿಂಭಾಗ ಕಂದಾಗಿಯೇ ಉಳಿಯುತ್ತದೆ. ಅಳಲೆಕಾಯಿಯ ರಸಕ್ಕೆ ಕಬ್ಬಿಣ ಸೇರಿಸಿ ಶಾಯಿ ಮಾಡುತ್ತಿದ್ದ ಹಳೆಯ ಕಾಲದವರ ವಿದ್ಯೆಯೂ ಇದೇ. 2008ರಲ್ಲಿ ಚೀನಾ ಸರಕಾರ ಈ ಕಸುಬನ್ನು ರಾಷ್ಟ್ರೀಯ ಪರಂಪರೆಯ ಪಟ್ಟಿಗೆ ಸೇರಿಸಿತು.

ಚೀನಾದ ರೇಷ್ಮೆ ಎಂದರೆ ಕರ್ನಾಟಕದ ರೈತನಿಗೆ ಬೇರೆಯೇ ನೆನಪು. ಅಗ್ಗದ ಚೀನೀ ನೂಲು ಬಂದಾಗಲೆಲ್ಲ ರಾಮನಗರದ ಗೂಡಿನ ಮಾರುಕಟ್ಟೆಯಲ್ಲಿ ದರ ನಡುಗುತ್ತಿತ್ತು. ಈಗ ಅಲ್ಲಿಂದಲೇ ಬಂದ ಸ್ವಯಂಚಾಲಿತ ನೂಲು ಯಂತ್ರಗಳು ಇಲ್ಲಿ ಓಡುತ್ತಿವೆ. ಬೆಲೆಯ ಲೆಕ್ಕ, ಯಂತ್ರದ ಲೆಕ್ಕ ಎಲ್ಲರ ಬಾಯಲ್ಲೂ ಇದೆ. ಬೇಸಿನ್ ಮುಂದೆ ಕುಳಿತ ಹೆಣ್ಣುಮಕ್ಕಳ ಲೆಕ್ಕ ಇಟ್ಟವರು ಇಲ್ಲಿಯೂ ಕಡಿಮೆಯೇ.

ಜುನ್‌ಆನ್‌ನ ಆ ಮನೆ 2012ರಲ್ಲಿ ವಸ್ತುಸಂಗ್ರಹಾಲಯವಾಯಿತು. ವಯಸ್ಸಾದ ಮೇಲೆ ಊರಿಗೆ ಮರಳಿದ ಕೆಲವರು ಇಲ್ಲಿ ಒಟ್ಟಿಗೆ ಬಾಳಿದರು. ಅವರ ಬಳಕೆಯ ವಸ್ತುಗಳು, ಗಂಭೀರ ಮುಖದ ಭಾವಚಿತ್ರಗಳು ಇಲ್ಲಿವೆ. ತೀರಿಹೋದವರ ಸ್ಮರಣಫಲಕಗಳೂ ಇವೆ. ತವರಿನ ಪೀಠದ ಮೇಲೆ ಸಿಗದ ಜಾಗ ಅವರಿಗೆ ಇಲ್ಲಿ ಸಿಕ್ಕಿತು. ಆ ಜಾಗಕ್ಕೆ ಬೆಲೆ ತೆತ್ತವರೂ ಅವರೇ.

ಬ್ರೂಸ್ ಲೀಯ ಮನೆ ನೋಡಲು ಬಂದ ಮಕ್ಕಳನ್ನು ತಂದೆತಾಯಂದಿರು ಈ ಮನೆಗೂ ಒಮ್ಮೆ ಕರೆತಂದರೆ ಒಳ್ಳೆಯದು. ಒಂದೇ ಊರಿನಿಂದ ಕಡಲು ದಾಟಿದವರ ಎರಡು ಕಥೆಗಳು ಅವು. ಒಂದನ್ನು ಜಗತ್ತೆಲ್ಲ ತೆರೆಯ ಮೇಲೆ ನೋಡಿದೆ. ಇನ್ನೊಂದನ್ನು ಇಲ್ಲಿ, ಫಲಕಗಳ ಮುಂದೆ ಸ್ವಲ್ಪ ಹೊತ್ತು ನಿಂತು, ಒಂದೊಂದೇ ಹೆಸರಾಗಿ ಓದಬೇಕು.